ಸರಣಿ ಚಿತ್ರದಲ್ಲಿ ನಾಯಕನಟನ ಪೋಷಕ ಪಾತ್ರ: ಸಹಿ ಹಾಕುವ ಮುನ್ನ ನೋಡಬೇಕಾದದ್ದು

ಪ್ರಶ್ನೆ: ನನ್ನ ಅಣ್ಣ 11 ವರ್ಷಗಳಿಂದ ಕನ್ನಡದಲ್ಲಿ ನಾಯಕನಟ. ಅವನ ಕಾಲ್‌ಶೀಟ್ (ಚಿತ್ರೀಕರಣಕ್ಕೆ ಕೊಡುವ ದಿನಗಳು) ಮತ್ತು ಲೆಕ್ಕಪತ್ರಗಳನ್ನು ನಾನೇ ನೋಡಿಕೊಳ್ಳುತ್ತೇನೆ. ಕಳೆದ ಎರಡು ಚಿತ್ರಗಳು ನಿರೀಕ್ಷೆಯಷ್ಟು ಓಡಲಿಲ್ಲ. ಈಗ ಬೇರೆ ಭಾಷೆಯ ದೊಡ್ಡ ಆ್ಯಕ್ಷನ್ ಸರಣಿಯೊಂದರಲ್ಲಿ ಗಡ್ಡ ಬಿಟ್ಟ ಪೊಲೀಸ್ ಅಧಿಕಾರಿಯ ಪಾತ್ರ ಬಂದಿದೆ. ತೆರೆಯ ಮೇಲೆ ಸುಮಾರು 20 ನಿಮಿಷ, 25 ದಿನಗಳ ಕಾಲ್‌ಶೀಟ್. ಪಾತ್ರ ಮುಂದಿನ ಭಾಗಗಳಲ್ಲೂ ಬರುತ್ತದೆ ಎಂದು ನಿರ್ದೇಶಕರು ಹೇಳಿದ್ದಾರೆ. ಅವರು ಕಳುಹಿಸಿರುವ ಕರಾರಿನ ಕರಡಿನಲ್ಲಿ ಮೂರು ಷರತ್ತುಗಳಿವೆ: ಒಂದು, ಸರಣಿಯ ಮುಂದಿನ ಚಿತ್ರಗಳಿಗೆ ಕಲಾವಿದರು ಲಭ್ಯರಿರತಕ್ಕದ್ದು ಮತ್ತು ಅವುಗಳ ಸಂಭಾವನೆಯನ್ನು ಆಗ ಪರಸ್ಪರ ಮಾತುಕತೆಯಿಂದ ನಿಗದಿಪಡಿಸುವುದು; ಎರಡು, ಚಿತ್ರೀಕರಣ ಪೂರ್ತಿ ಮುಗಿಯುವವರೆಗೆ ಗೆಟಪ್ ಬದಲಿಸತಕ್ಕದ್ದಲ್ಲ; ಮೂರು, ಈ ಅವಧಿಯಲ್ಲಿಯೂ ಅನಂತರದ ಮೂರು ವರ್ಷವೂ ಬೇರೆ ಯಾವ ಭಾಷೆಯಲ್ಲೂ ಪೊಲೀಸ್ ಪಾತ್ರ ಮಾಡತಕ್ಕದ್ದಲ್ಲ. ಮೊದಲನೆಯದನ್ನು ಓದಿ ಮೂರು ಚಿತ್ರಗಳ ಕೆಲಸ ಖಾತ್ರಿಯಾಯಿತೆಂದುಕೊಂಡಿದ್ದೇವೆ. ಅಭಿಮಾನಿ ಸಂಘದವರು 'ಇನ್ನೊಬ್ಬ ಹೀರೋ ಪಕ್ಕದಲ್ಲಿ ನಿಲ್ಲುವುದೇ' ಎಂದು ಬೇಸರಪಟ್ಟಿದ್ದಾರೆ. ಗಾಂಧಿನಗರದ ಹಿರಿಯ ವಿತರಕರೊಬ್ಬರು 'ಒಮ್ಮೆ ಸೈಡಿಗೆ ಹೋದವನು ಮತ್ತೆ ನಡುವಿಗೆ ಬರಲಾರ' ಎಂದರು. ಇದರ ನಡುವೆ ಕನ್ನಡದ ನಿರ್ಮಾಪಕರೊಬ್ಬರಿಂದ ಅಡ್ವಾನ್ಸ್ ಪಡೆದಿದ್ದೇವೆ. ಅದರಲ್ಲಿ ಅಣ್ಣನದು ಗಡ್ಡ ಮೀಸೆಯಿಲ್ಲದ ಕಾಲೇಜು ಉಪನ್ಯಾಸಕನ ಪಾತ್ರ. ಸಹಿ ಹಾಕಬಹುದೇ? ಪಾತ್ರ ಸತ್ತರೆ ಹೇಗೂ ಬಿಡುಗಡೆ ತಾನೇ! (ಹೆಸರು ಬೇಡವೆಂದ ಮೈಸೂರಿನ ಓದುಗರು)

ಉತ್ತರ: ನಿಮ್ಮ ಪತ್ರದಲ್ಲಿ ಎರಡು ಆತಂಕಗಳು ಒಂದರೊಳಗೊಂದು ಹೆಣೆದುಕೊಂಡಿವೆ. ಅಣ್ಣನವರ ನಾಯಕಸ್ಥಾನಕ್ಕೆ ಕುಂದು ಬರುತ್ತದೆಯೇ ಎಂಬುದು ಒಂದು. ಕರಾರಿನ ಷರತ್ತುಗಳು ಅವರನ್ನು ಎಷ್ಟು ಕಾಲ ಕಟ್ಟಿಹಾಕುತ್ತವೆ ಎಂಬುದು ಇನ್ನೊಂದು. ಸುತ್ತಲಿನವರೆಲ್ಲ ಮೊದಲನೆಯದರ ಬಗ್ಗೆಯೇ ಮಾತನಾಡುತ್ತಿರುವುದರಿಂದ ನಿಮಗೂ ಅದೇ ದೊಡ್ಡದಾಗಿ ಕಂಡಿದೆ. ಚಿತ್ರರಂಗದ ಕರಾರುಗಳನ್ನು ಬರೆಯುವ, ಅವು ಮುರಿದಾಗ ವಾದಿಸುವ ವಕೀಲನಾಗಿ ನನಗೆ ಎರಡನೆಯದೇ ಹೆಚ್ಚು ಚಿಂತೆಯ ವಿಷಯವಾಗಿ ಕಾಣುತ್ತದೆ. ಪೋಷಕ ಪಾತ್ರ ಒಪ್ಪಿಕೊಂಡ ಒಂದೇ ಕಾರಣಕ್ಕೆ ಮಾರ್ಕೆಟ್ ಕಳೆದುಕೊಂಡ ನಾಯಕನಟರಿಗಿಂತ, ಎರಡನೆಯ ಚಿತ್ರದ ಮಾತನ್ನು ಮೊದಲ ಚಿತ್ರಕ್ಕೆ ಮುನ್ನವೇ ಬರೆಸಿಕೊಳ್ಳದೆ ಪೇಚಿಗೆ ಸಿಕ್ಕಿದವರೇ ನನ್ನ ಬಳಿಗೆ ಹೆಚ್ಚಾಗಿ ಬಂದಿದ್ದಾರೆ.

ಆದರೂ ವಿತರಕರ ಮಾತನ್ನು ತಳ್ಳಿಹಾಕದೆ ಪರಿಶೀಲಿಸೋಣ. 2017ರಲ್ಲಿ ನರ್ತನ್ ನಿರ್ದೇಶಿಸಿದ 'ಮಫ್ತಿ'ಯ ನಾಯಕ ಶ್ರೀಮುರಳಿ. 1986ರ 'ಆನಂದ್'ನಿಂದಲೂ ನಾಯಕರಾಗಿಯೇ ನಡೆದು ಬಂದಿದ್ದ ಶಿವರಾಜ್‌ಕುಮಾರ್ ಅದರಲ್ಲಿ ಭೈರತಿ ರಣಗಲ್ ಎಂಬ ಪಾತ್ರ ಮಾಡಿದರು. ಆ ಪಾತ್ರ ತೆರೆಗೆ ಬರುವುದೇ ಮಧ್ಯಂತರದ ಹೊತ್ತಿಗೆ. ಕನ್ನಡದ ಪ್ರೇಕ್ಷಕರು ಅದನ್ನು ಇಳಿಕೆಯೆಂದು ನೋಡಲಿಲ್ಲ. 2023ರಲ್ಲಿ ಅದೇ ಕಥೆ ತಮಿಳಿನಲ್ಲಿ 'ಪತ್ತು ತಲ' ಎಂದು ಬಂದಾಗ ಅಲ್ಲಿನ ದೊಡ್ಡ ನಟ ಸಿಲಂಬರಸನ್ ವಹಿಸಿದ್ದು ಈ ಪಾತ್ರವನ್ನೇ, ಮೂಲದಲ್ಲಿ ಶ್ರೀಮುರಳಿ ಮಾಡಿದ್ದ ಪಾತ್ರವನ್ನಲ್ಲ. ಕಥೆಯಲ್ಲಿ ಯಾವ ಪಾತ್ರಕ್ಕೆ ಬೆಲೆಯಿದೆ ಎಂಬುದನ್ನು ವ್ಯಾಪಾರ ಬಲ್ಲವರು ಹೇಗೆ ಅಳೆಯುತ್ತಾರೆ ಎಂಬುದು ಇದರಿಂದ ತಿಳಿಯುತ್ತದೆ. 2024ರ ನವೆಂಬರ್‌ನಲ್ಲಿ ಅದೇ ಪಾತ್ರದ ಹಿಂದಿನ ಕಥೆಯಾಗಿ 'ಭೈರತಿ ರಣಗಲ್' ಬಂದಾಗ ಶಿವರಾಜ್‌ಕುಮಾರ್ ಅದರ ನಾಯಕರು, ಚಿತ್ರವನ್ನು ನಿರ್ಮಿಸಿದ್ದು ಅವರದೇ ಮನೆಯ ಗೀತಾ ಪಿಕ್ಚರ್ಸ್. ಈ ಎರಡು ಚಿತ್ರಗಳ ನಡುವೆ, 2023ರ ಆಗಸ್ಟ್‌ನಲ್ಲಿ, ರಜನಿಕಾಂತ್ ಅವರ 'ಜೈಲರ್'ನಲ್ಲಿ ನರಸಿಂಹನಾಗಿ ಅವರು ಕೆಲವೇ ನಿಮಿಷ ಕಾಣಿಸಿಕೊಂಡರು, ಅದರ ಎರಡನೆಯ ಭಾಗಕ್ಕೂ ಕರೆ ಬಂತು. ಸೈಡಿಗೆ ಹೋಗಿ ನಡುವಿಗೆ ಬಂದವರು ಕಣ್ಣೆದುರಿಗೇ ಇರುವಾಗ ವಿತರಕರ ಮಾತು ನಿಯಮವಾಗಿ ನಿಲ್ಲುವುದಿಲ್ಲ.

ಆದರೆ ಈ ಉದಾಹರಣೆಯನ್ನು ಹಾಗೆಯೇ ನಿಮ್ಮ ಅಣ್ಣನವರಿಗೆ ಅನ್ವಯಿಸಿದರೆ ಅದು ಮುಖಸ್ತುತಿಯಾಗುತ್ತದೆ. ಮೂರು ದಶಕಗಳ ಗಳಿಕೆಯನ್ನು ಬೆನ್ನಿಗಿಟ್ಟುಕೊಂಡು ಕೆಲವು ನಿಮಿಷಗಳ ಪಾತ್ರಕ್ಕೆ ಹೋಗುವವರ ಸ್ಥಿತಿಯೇ ಬೇರೆ, ಎರಡು ಚಿತ್ರಗಳು ಸೋತ ಮೇಲೆ ಹೋಗುವವರ ಸ್ಥಿತಿಯೇ ಬೇರೆ. ನಿಮ್ಮ ವಿತರಕರು ಹೇಳದೆ ಬಿಟ್ಟ ಸತ್ಯಾಂಶವೊಂದಿದೆ: ಬೇರೊಬ್ಬ ನಾಯಕನ ಚಿತ್ರ ಎಷ್ಟು ಕೋಟಿ ಗಳಿಸಿದರೂ ಅದು ಅಣ್ಣನವರ ಖಾತೆಗೆ ಜಮೆಯಾಗುವುದಿಲ್ಲ. ಅವರ ಮುಂದಿನ ಕನ್ನಡ ಚಿತ್ರಕ್ಕೆ ಬೆಲೆ ಕಟ್ಟುವಾಗ ವಿತರಕರು ನೋಡುವುದು ಅವರು ಒಬ್ಬರೇ ಹೊತ್ತು ನಿಂತ ಹಿಂದಿನ ಚಿತ್ರಗಳ ಓಪನಿಂಗನ್ನು, ಅಂದರೆ ಮೊದಲ ದಿನಗಳ ಗಳಿಕೆಯನ್ನು. ಹಾಗಾಗಿ 'ಇದರಿಂದ ಮುಗಿಯಿತು' ಎಂಬ ಭಯಕ್ಕೆ ಆಧಾರವಿಲ್ಲದಿರುವಂತೆಯೇ 'ಇದರಿಂದ ಪ್ಯಾನ್ ಇಂಡಿಯಾ ನಟನಾದೆ' ಎಂಬ ಹುಮ್ಮಸ್ಸಿಗೂ ಆಧಾರವಿಲ್ಲ. ಸಿಗುವುದು ಪರಿಚಯ ಮಾತ್ರ. ಅಣ್ಣನವರ ಮುಖ ಬೇರೆ ಭಾಷೆಯ ಪ್ರೇಕ್ಷಕರಿಗೆ ಗೊತ್ತಾಗುತ್ತದೆ, ಡಬ್ಬಿಂಗ್ ಮತ್ತು ಓಟಿಟಿ ಹಕ್ಕುಗಳ ಮಾತುಕತೆಯಲ್ಲಿ ಸ್ವಲ್ಪ ಬಲ ಬರುತ್ತದೆ. ಅಷ್ಟಕ್ಕೆ ತಕ್ಕ ಬೆಲೆಯನ್ನಷ್ಟೇ ತೆರಬೇಕು.

ದೊಡ್ಡ ಸರಣಿಗಳು ನಾಯಕನಟರನ್ನೇ ಪೋಷಕ ಪಾತ್ರಗಳಿಗೆ ಏಕೆ ಕರೆಯುತ್ತವೆ ಎಂಬುದು ಗೊತ್ತಿದ್ದರೆ ನಿಮ್ಮ ಕೈಯಲ್ಲಿರುವ ಬಲವೂ ಗೊತ್ತಾಗುತ್ತದೆ. ಒಂದು ಕಾರಣ ಬರೀ ವ್ಯಾಪಾರದ್ದು. 'ಜೈಲರ್'ನಲ್ಲಿ ಕರ್ನಾಟಕಕ್ಕೆ ಶಿವರಾಜ್‌ಕುಮಾರ್, ಕೇರಳಕ್ಕೆ ಮೋಹನ್‌ಲಾಲ್, ಹಿಂದಿ ಪ್ರದೇಶಕ್ಕೆ ಜಾಕಿ ಶ್ರಾಫ್ ಎಂಬಂತೆ ಆಯಾ ಪ್ರದೇಶದ ಪ್ರೇಕ್ಷಕರಿಗೆ ತಮ್ಮವರೆನಿಸುವ ಒಬ್ಬೊಬ್ಬರು ಇದ್ದರು. ಕೆಲವೇ ದಿನಗಳ ಕಾಲ್‌ಶೀಟಿನಲ್ಲಿ ಒಂದು ರಾಜ್ಯದ ಗಮನವನ್ನೇ ಸೆಳೆಯುವ ಉಪಾಯವದು. ಇನ್ನೊಂದು ಕಾರಣ ಚಿತ್ರಕಥೆಯೊಳಗಿನದು, ಅದರ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕಾಗಿದೆ. ಆ್ಯಕ್ಷನ್ ಚಿತ್ರದ ನಾಯಕನನ್ನು ಯಾರಾದರೂ ಕಾಪಾಡಬೇಕಾದ ಅಥವಾ ಎದುರುಹಾಕಿಕೊಳ್ಳಬೇಕಾದ ಸನ್ನಿವೇಶ ಬಂದಾಗ, ಹಾಗೆ ಬರುವವನು ನಾಯಕನಿಗಿಂತ ಸಣ್ಣವನೆಂದು ಕಾಣಬಾರದು, ನಾಯಕನ ಗೆಲುವನ್ನು ಕಸಿದುಕೊಳ್ಳಲೂಬಾರದು. ಈ ಇಕ್ಕಟ್ಟಿಗೆ ಬರಹಗಾರರು ಕಂಡುಕೊಂಡಿರುವ ಸುಲಭದ ದಾರಿಯೆಂದರೆ ಪಾತ್ರಕ್ಕೆ ದೊಡ್ಡ ಎಂಟ್ರಿ ಕೊಟ್ಟು, ಅದಕ್ಕೆ ತನ್ನದೇ ಆದ ಆಸೆಯನ್ನಾಗಲಿ ತೀರ್ಮಾನವನ್ನಾಗಲಿ ಕೊಡದೆ ಬಿಡುವುದು. ಮೊದಲ ಸಲ ನೋಡುವಾಗ ಶಿಳ್ಳೆ ಬೀಳುತ್ತದೆ. ಎರಡನೆಯ ಭಾಗದ ಹೊತ್ತಿಗೆ ಆ ಅಚ್ಚರಿ ಮುಗಿದಿರುತ್ತದೆ, ಮಾಡಲು ಪಾತ್ರಕ್ಕೆ ಕೆಲಸವಿರುವುದಿಲ್ಲ, ಆಗ ಅದನ್ನು ಕೈಬಿಡುವುದು ಅಥವಾ ನಾಯಕನ ಕೋಪಕ್ಕೆ ಕಾರಣವಾಗಲೆಂದು ಕೊಲ್ಲುವುದು ಸಲೀಸಾಗುತ್ತದೆ. ಆದ್ದರಿಂದ ಕಥೆ ಕೇಳುವಾಗ 'ಎಂಟ್ರಿ ಹೇಗಿದೆ' ಎಂದು ಕೇಳುವುದಕ್ಕಿಂತ, ಈ ಪೊಲೀಸ್ ಅಧಿಕಾರಿ ತನಗಾಗಿ ಏನನ್ನು ಬಯಸುತ್ತಾನೆ, ನಾಯಕನಿಗೆ ಗೊತ್ತಿಲ್ಲದೆ ಅವನು ಮಾಡುವ ಒಂದು ತೀರ್ಮಾನವಾದರೂ ಇದೆಯೇ ಎಂದು ಅಣ್ಣನವರು ಕೇಳಲಿ. ಇದು ವಕೀಲನ ಕೆಲಸವಲ್ಲವೆಂದು ನಿರ್ದೇಶಕ ಮಿತ್ರರು ನನ್ನನ್ನು ಗದರಿಸಿದ್ದುಂಟು. ಆದರೆ ಪಾತ್ರದ ಆಯುಷ್ಯ ತಿಳಿಯದೆ ಕರಾರಿನ ಅವಧಿಯನ್ನು ಬರೆಯುವುದು ಕಷ್ಟ.

ಇದಕ್ಕೆ ವಿರುದ್ಧವಾದ ದೃಷ್ಟಾಂತವೂ ಇದೆ. 1996ರಲ್ಲಿ ಆರಂಭವಾದ 'ಮಿಷನ್: ಇಂಪಾಸಿಬಲ್' ಸರಣಿಯಲ್ಲಿ ಟಾಮ್ ಕ್ರೂಸ್ ಅವರನ್ನು ಬಿಟ್ಟರೆ 2025ರ ಎಂಟನೆಯ ಚಿತ್ರದವರೆಗೆ ಪ್ರತಿಯೊಂದರಲ್ಲೂ ಕಾಣಿಸಿಕೊಂಡ ನಟ ವಿಂಗ್ ರೇಮ್ಸ್ ಒಬ್ಬರೇ. 2011ರ ಚಿತ್ರದಲ್ಲಿ ಅವರದು ಕೊನೆಯಲ್ಲಿ ಬರುವ ಒಂದು ಪುಟ್ಟ ದೃಶ್ಯ ಮಾತ್ರ. ಅವರು ಮಾಡಿದ ಲೂಥರ್ ಎಂಬ ಕಂಪ್ಯೂಟರ್ ತಜ್ಞನಿಗೆ ಭರ್ಜರಿ ಹೊಡೆದಾಟಗಳೇನೂ ಇಲ್ಲ. ನಾಯಕನ ಮನಸ್ಸಿನ ತೂಕ ಬಲ್ಲ ಹಳೆಯ ಗೆಳೆಯನೆಂಬ ಸ್ಥಾನವಿದೆ. ಆ ಸ್ಥಾನ ನಿರ್ದೇಶಕರು ಬದಲಾದರೂ ಉಳಿಯಿತು. ಅದೇ ಸರಣಿಯಲ್ಲಿ 2015ರಿಂದ ಇಲ್ಸಾ ಎಂಬ ಗೂಢಚಾರಿಣಿಯಾಗಿದ್ದ ರೆಬೆಕಾ ಫರ್ಗುಸನ್ ಪಾತ್ರ ನಾಯಕನಿಗೆ ಸರಿಸಾಟಿಯಾಗಿದ್ದರೂ ಅವರ ಮೂರನೆಯ ಚಿತ್ರದಲ್ಲಿ, 2023ರಲ್ಲಿ, ಸಾಯುತ್ತದೆ. ತಮ್ಮ ಕರಾರು ಮೂರು ಚಿತ್ರಗಳದ್ದಾಗಿತ್ತು ಎಂದು ಅವರೇ ಹೇಳಿಕೊಂಡಿದ್ದಾರೆ.

ಪಾತ್ರ ಸತ್ತರೆ ಬಿಡುಗಡೆ ಎಂದು ನೀವು ಪತ್ರದ ಕೊನೆಯಲ್ಲಿ ತಮಾಷೆಗೆ ಬರೆದಿದ್ದೀರಿ. ಸರಣಿ ಚಿತ್ರಗಳಲ್ಲಿ ಸಾವು ಅಷ್ಟು ಕೊನೆಯದಲ್ಲ. 'ಫಾಸ್ಟ್ ಅಂಡ್ ಫ್ಯೂರಿಯಸ್' ಸರಣಿಯ ಲೆಟ್ಟಿ 2009ರ ಚಿತ್ರದಲ್ಲಿ ಸತ್ತಳೆಂದು ತೋರಿಸಿ 2013ರಲ್ಲಿ ಜೀವಂತ ಕರೆತಂದರು. 2006ರ ಚಿತ್ರದಲ್ಲಿ ಸತ್ತ ಹ್ಯಾನ್ ಕಾಲಕ್ರಮವನ್ನು ಹಿಂದುಮುಂದು ಮಾಡಿದ ಕಥೆಗಳಲ್ಲಿ ಕಾಣಿಸಿಕೊಳ್ಳುತ್ತಲೇ ಇದ್ದು 2021ರಲ್ಲಿ ಬದುಕಿಯೇ ಬಂದ. ಫ್ಲ್ಯಾಶ್‌ಬ್ಯಾಕ್, ಹಿಂದಿನ ಕಥೆ, ಹಳೆಯ ದೃಶ್ಯಗಳ ಮರುಬಳಕೆ, ಇವೆಲ್ಲಕ್ಕೂ ಪಾತ್ರ ಬದುಕಿರಬೇಕಾಗಿಲ್ಲ. ಕರಾರಿನ ಅವಧಿಯನ್ನು ಕಥೆಗೆ ಬಿಡದೆ ಪಂಚಾಂಗಕ್ಕೆ ಕಟ್ಟಬೇಕು ಎನ್ನುವುದು ಇದಕ್ಕೇ.

ಈಗ ನಿಮ್ಮ ಮೊದಲ ಷರತ್ತಿಗೆ ಬರುತ್ತೇನೆ. 'ಮುಂದಿನ ಚಿತ್ರಗಳಿಗೆ ಲಭ್ಯರಿರತಕ್ಕದ್ದು' ಎಂಬ ಸಾಲನ್ನು ಓದಿ ಮೂರು ಚಿತ್ರಗಳ ಕೆಲಸ ಖಾತ್ರಿಯಾಯಿತೆಂದು ನೀವು ಭಾವಿಸಿದ್ದೀರಿ. ಅದರಲ್ಲಿರುವುದು ನಿರ್ಮಾಪಕರ ಹಕ್ಕು ಮಾತ್ರ. ಕರೆಯಲೇಬೇಕೆಂಬ ಹೊಣೆ ಅವರ ಮೇಲಿಲ್ಲ. ಹಾಲಿವುಡ್ಡಿನಲ್ಲಿ ಇದನ್ನು ಆಪ್ಷನ್ ಎನ್ನುತ್ತಾರೆ. ನಿಕ್ ಫ್ಯೂರಿಯ ಪಾತ್ರಕ್ಕಾಗಿ ಸ್ಯಾಮ್ಯುಯೆಲ್ ಜಾಕ್ಸನ್ 2009ರಲ್ಲಿ ಸೂಪರ್‌ಹೀರೋ ಚಿತ್ರಗಳ ಸಂಸ್ಥೆ ಮಾರ್ವೆಲ್ ಜೊತೆ ಒಂಬತ್ತು ಚಿತ್ರಗಳ ಒಪ್ಪಂದ ಮಾಡಿಕೊಂಡದ್ದು ದೊಡ್ಡ ಸುದ್ದಿಯಾಯಿತು. ಅಲ್ಲಿಯೇ ಇನ್ನೊಂದು ಘಟನೆಯೂ ನಡೆದಿತ್ತು. 2008ರ 'ಐರನ್ ಮ್ಯಾನ್'ನಲ್ಲಿ ನಾಯಕನ ಸೇನಾಧಿಕಾರಿ ಗೆಳೆಯನಾಗಿದ್ದ ಟೆರೆನ್ಸ್ ಹೋವರ್ಡ್ ಬದಲಿಗೆ 2010ರ ಎರಡನೆಯ ಚಿತ್ರದಲ್ಲಿ ಡಾನ್ ಚೀಡಲ್ ಬಂದರು. ತಮಗಿದ್ದದ್ದು ಮೂರು ಚಿತ್ರಗಳ ಒಪ್ಪಂದವೆಂದೂ, ಎರಡನೆಯದಕ್ಕೆ ಒಪ್ಪಂದದ ಮೊತ್ತದ ಎಂಟನೆಯ ಒಂದು ಭಾಗವನ್ನಷ್ಟೇ ಕೊಡಲು ಮುಂದಾದರೆಂದೂ ಹೋವರ್ಡ್ ಆಮೇಲೆ ಬಹಿರಂಗವಾಗಿ ಹೇಳಿದರು. ಪಾತ್ರ ನಿರ್ಮಾಪಕರ ಸ್ವತ್ತು, ಮುಖ ಮಾತ್ರ ನಟನದು. ಪಾತ್ರ ಜನಪ್ರಿಯವಾದಷ್ಟೂ ನಟ ಅನಿವಾರ್ಯನಾಗುತ್ತಾನೆ ಎಂಬ ನಂಬಿಕೆಯನ್ನು ಚೀಡಲ್ ಅವರ ಅನಂತರದ ಹಲವು ಚಿತ್ರಗಳೇ ಸುಳ್ಳು ಮಾಡಿವೆ.

ನಮ್ಮಲ್ಲಿಯೂ ಕಥೆ ಹೇಳುವಾಗಿನ ಮಾತು ಬೇರೆ, ಬರಹ ಬೇರೆ. 2015ರ 'ಬಾಹುಬಲಿ'ಯಲ್ಲಿ ಸುದೀಪ್ ಅಸ್ಲಂ ಖಾನ್ ಎಂಬ ಆಯುಧ ವ್ಯಾಪಾರಿಯಾಗಿ ಬಂದು, ಕಟ್ಟಪ್ಪನಿಗೆ ಸ್ನೇಹದ ಮಾತು ಕೊಟ್ಟು ಹೋಗುವ ದೃಶ್ಯವನ್ನು ನೋಡಿದ ಕನ್ನಡಿಗರೆಲ್ಲ ಎರಡನೆಯ ಭಾಗದಲ್ಲಿ ಅವರಿಗೆ ದೊಡ್ಡ ಕೆಲಸವಿದೆಯೆಂದೇ ಎಣಿಸಿದ್ದರು. 2017ರ ಎರಡನೆಯ ಭಾಗದಲ್ಲಿ ಆ ಪಾತ್ರವೇ ಇರಲಿಲ್ಲ. ಸುದೀಪ್ ಅವರಿಗೆ ಅದರಿಂದ ನಷ್ಟವೇನೂ ಆಗಲಿಲ್ಲ, ಏಕೆಂದರೆ ಅವರ ಸ್ವಂತ ಚಿತ್ರಗಳು ಎಂದಿನಂತೆ ನಡೆಯುತ್ತಿದ್ದವು. ಎರಡನೆಯ ಭಾಗಕ್ಕೆಂದು ದಿನಾಂಕಗಳನ್ನು ಖಾಲಿಯಿಟ್ಟುಕೊಂಡು ಕುಳಿತ ನಟನಾದರೆ ನಷ್ಟ ನಿಜವಾಗುತ್ತದೆ.

ಕಾನೂನಿನ ಕಡೆಯಿಂದ ನೋಡಿದರೆ ಈ ಷರತ್ತಿನ ದೌರ್ಬಲ್ಯ ಎರಡೂ ಕಡೆಯವರಿಗೆ ಸಮಾನವಾಗಿದೆ. ಸಂಭಾವನೆಯನ್ನು ಮುಂದೆ ಮಾತಾಡಿಕೊಳ್ಳೋಣ ಎಂಬಂಥ, ಅರ್ಥ ನಿಶ್ಚಿತವಲ್ಲದ ಒಪ್ಪಂದಗಳು 1872ರ ಭಾರತೀಯ ಕರಾರು ಅಧಿನಿಯಮದ 29ನೆಯ ಪ್ರಕರಣದಡಿ ನಿಲ್ಲುವುದು ಕಷ್ಟ. ಹಾಗೆಂದು ನಿಶ್ಚಿಂತೆಯಿಂದ ಸಹಿ ಹಾಕಬೇಡಿ. ನಟಿಸಲೇಬೇಕೆಂದು ಯಾವ ನ್ಯಾಯಾಲಯವೂ ನಟನನ್ನು ಬಲವಂತಪಡಿಸುವುದಿಲ್ಲ, ಏಕೆಂದರೆ ವ್ಯಕ್ತಿಯ ಸ್ವಂತ ಪ್ರತಿಭೆಯನ್ನು ಅವಲಂಬಿಸಿದ ಕರಾರನ್ನು ಅಕ್ಷರಶಃ ಜಾರಿಮಾಡಿಸಲು 1963ರ ನಿರ್ದಿಷ್ಟ ಪರಿಹಾರ ಅಧಿನಿಯಮ ಅವಕಾಶ ಕೊಡುವುದಿಲ್ಲ. ಆದರೆ ಅದೇ ಅಧಿನಿಯಮದ 42ನೆಯ ಪ್ರಕರಣದಂತೆ, ಇಂಥ ಅವಧಿಯಲ್ಲಿ ಬೇರೆಡೆ ನಟಿಸುವುದಿಲ್ಲವೆಂದು ಒಪ್ಪಿಕೊಂಡಿದ್ದರೆ ಆ ಬೇರೆಡೆಯ ಚಿತ್ರಕ್ಕೆ ತಡೆಯಾಜ್ಞೆ ತರಬಹುದು. ನಿಮ್ಮ ವಿರುದ್ಧ ದಾವೆ ಗೆಲ್ಲುವುದು ಅವರಿಗೂ ಬೇಕಾಗಿರುವುದಿಲ್ಲ. ಕನ್ನಡ ಚಿತ್ರದ ಮುಹೂರ್ತದ ವಾರದಲ್ಲಿ ಒಂದು ನೋಟಿಸ್ ಬಂದರೆ ಸಾಕು, ಹಣ ಹಾಕುವವರು ಹಿಂದೆ ಸರಿಯುತ್ತಾರೆ.

ಮೂರನೆಯ ಷರತ್ತನ್ನು ಮೊದಲು ಮುಗಿಸುತ್ತೇನೆ, ಅದು ಸುಲಭ. ಕರಾರು ಜಾರಿಯಲ್ಲಿರುವಾಗ ಅದೇ ಬಗೆಯ ಪಾತ್ರ ಮಾಡಬಾರದೆಂಬ ನಿರ್ಬಂಧವನ್ನು ನ್ಯಾಯಾಲಯಗಳು ಸಾಮಾನ್ಯವಾಗಿ ಒಪ್ಪುತ್ತವೆ. ಅವಧಿ ಮುಗಿದ ಮೇಲೂ ಮೂರು ವರ್ಷ ಪೊಲೀಸ್ ಪಾತ್ರ ಮಾಡಬಾರದೆಂಬುದು ಕರಾರು ಅಧಿನಿಯಮದ 27ನೆಯ ಪ್ರಕರಣದ ಎದುರು ನಿಲ್ಲಲಾರದು, ಏಕೆಂದರೆ ಅದು ವೃತ್ತಿಗೇ ಹಾಕಿದ ತಡೆ. ಆ ಸಾಲನ್ನು ಹೊಡೆದುಹಾಕಲು ಹೇಳಿ, ಅವರ ವಕೀಲರಿಗೂ ಇದು ಗೊತ್ತಿರುತ್ತದೆ. ಕನ್ನಡದ ಆ್ಯಕ್ಷನ್ ನಟನೊಬ್ಬ ಖಾಕಿ ಹಾಕದೆ ಮೂರು ವರ್ಷ ಕಳೆಯುವುದು ಸಾಧ್ಯವೇ ಎಂಬುದನ್ನು ಕರಡು ಬರೆದವರು ಯೋಚಿಸಿದಂತಿಲ್ಲ.

ಗೆಟಪ್ ಷರತ್ತನ್ನು ಯಾರೂ ಗಂಭೀರವಾಗಿ ಓದುವುದಿಲ್ಲ, ಆದರೆ ನಿಮ್ಮ ಪ್ರಕರಣದಲ್ಲಿ ಅತ್ಯಂತ ಅಪಾಯಕಾರಿಯಾದದ್ದು ಅದೇ. 'ಮಿಷನ್: ಇಂಪಾಸಿಬಲ್' ಸರಣಿಯ 2018ರ ಚಿತ್ರಕ್ಕಾಗಿ ಹೆನ್ರಿ ಕ್ಯಾವಿಲ್ ಮೀಸೆ ಬಿಟ್ಟಿದ್ದರು. ಅದೇ ಸಮಯಕ್ಕೆ 2017ರ 'ಜಸ್ಟಿಸ್ ಲೀಗ್'ನ ಕೆಲವು ದೃಶ್ಯಗಳನ್ನು ಮತ್ತೆ ಚಿತ್ರಿಸಬೇಕಾಯಿತು, ಅದರಲ್ಲಿ ಅವರು ಮೀಸೆಯಿಲ್ಲದ ಸೂಪರ್‌ಮ್ಯಾನ್. ಮೀಸೆ ಬೋಳಿಸಲು ಮೊದಲ ಚಿತ್ರದ ಸಂಸ್ಥೆ ಒಪ್ಪಲಿಲ್ಲ. ಎರಡನೆಯವರು ಗ್ರಾಫಿಕ್ಸ್‌ನಲ್ಲಿ ಮೀಸೆ ಅಳಿಸಿದರು, ಆ ಮೇಲ್ದುಟಿಯನ್ನು ನೋಡಿ ಜಗತ್ತೇ ನಕ್ಕಿತು. ಅಷ್ಟು ದೊಡ್ಡ ಸಂಸ್ಥೆಗಳ ಹಣಕ್ಕೆ ಸಾಧ್ಯವಾಗದ್ದು ನಿಮ್ಮ ಕನ್ನಡ ನಿರ್ಮಾಪಕರಿಗೆ ಸಾಧ್ಯವಾಗುವುದಿಲ್ಲ. 'ಚಿತ್ರೀಕರಣ ಪೂರ್ತಿ ಮುಗಿಯುವವರೆಗೆ' ಎಂಬ ಮಾತಿಗೆ ಕೊನೆಯಿಲ್ಲ. ನಿಮ್ಮ 25 ದಿನಗಳು ಒಟ್ಟಿಗೆ ಬರುವುದಿಲ್ಲ. ನಾಯಕನ ಜೊತೆಗಿನ ಕಾಂಬಿನೇಷನ್ ದಿನಗಳು ಅವರ ಅನುಕೂಲ ನೋಡಿ ಮೂರು ನಾಲ್ಕು ಕಂತುಗಳಲ್ಲಿ ಬರುತ್ತವೆ, ಆಮೇಲೆ ಬಿಟ್ಟುಹೋದ ತುಣುಕುಗಳ ಪ್ಯಾಚ್‌ವರ್ಕ್ ಎಂದು ಮತ್ತೆರಡು ದಿನ ಕೇಳುತ್ತಾರೆ. 'ಕೆಜಿಎಫ್'ನ ಮೊದಲ ಭಾಗ 2018ರ ಡಿಸೆಂಬರ್‌ನಲ್ಲಿ, ಎರಡನೆಯದು 2022ರ ಏಪ್ರಿಲ್‌ನಲ್ಲಿ ಬಂದದ್ದನ್ನು ನೆನಪಿಸಿಕೊಳ್ಳಿ. ನಡುವೆ ಕೊರೊನಾ ಬಂತು, ಯಾರ ತಪ್ಪೂ ಅಲ್ಲ. ಅಷ್ಟು ಕಾಲ ಗಡ್ಡ ಬಿಟ್ಟುಕೊಂಡಿರುವ ನಟ ಉಪನ್ಯಾಸಕನ ಪಾತ್ರವನ್ನು ಯಾವಾಗ ಮಾಡುತ್ತಾನೆ? ಇಂಥ ದಿನದಿಂದ ಇಂಥ ದಿನದವರೆಗೆ ಮಾತ್ರ ಗೆಟಪ್ ಕಾಯ್ದುಕೊಳ್ಳುವುದು, ಆಮೇಲೆ ಬೇಕಾದರೆ ಅಂಟಿಸುವ ಗಡ್ಡದಲ್ಲಿ ಕೆಲಸ ಮುಗಿಸುವುದು, ಹೆಚ್ಚಿನ ದಿನಗಳಿಗೆ ದಿನವೊಂದಕ್ಕೆ ಇಷ್ಟೆಂದು ಪ್ರತ್ಯೇಕ ಸಂಭಾವನೆ ಕೊಡುವುದು ಎಂದು ಬರೆಸಿ.

ಕರಡಿನಲ್ಲಿ ಇಲ್ಲದ ಕೆಲವು ಸಂಗತಿಗಳೂ ಇವೆ. ದೃಶ್ಯಗಳನ್ನು ಕತ್ತರಿಸಿದರೆ ಏನು ಮಾಡುವುದೆಂದು ನೀವು ಕೇಳಿಲ್ಲ, ಆದರೆ ಕೇಳಬೇಕಿತ್ತು. ಕೃತಿಸ್ವಾಮ್ಯ ಅಧಿನಿಯಮದ 2012ರ ತಿದ್ದುಪಡಿ ನಟನಿಗೆ ತನ್ನ ಅಭಿನಯದ ಮೇಲೆ ಕೆಲವು ನೈತಿಕ ಹಕ್ಕುಗಳನ್ನು ಕೊಟ್ಟಿದೆ. ಹೆಸರು ನಮೂದಿಸುವಂತೆ ಕೇಳಬಹುದು, ಕೀರ್ತಿಗೆ ಧಕ್ಕೆ ತರುವಂತೆ ತಿರುಚಿದರೆ ತಡೆಯಬಹುದು. ಸಂಕಲನಕ್ಕಾಗಿ ಅಥವಾ ಅವಧಿಗೆ ಹೊಂದಿಸಲು ಕತ್ತರಿಸುವುದು ಧಕ್ಕೆಯಲ್ಲವೆಂದು ಅದೇ ತಿದ್ದುಪಡಿ ಸ್ಪಷ್ಟಪಡಿಸಿದೆ. 20 ನಿಮಿಷ ಎಂಟು ನಿಮಿಷವಾದರೆ ಕಾನೂನು ನಿಮ್ಮ ನೆರವಿಗೆ ಬರುವುದಿಲ್ಲ. ಬರೆಸಿಕೊಳ್ಳಬಹುದಾದದ್ದು ಇಷ್ಟು: ದೃಶ್ಯಗಳು ಕಡಿಮೆಯಾದರೂ ಸಂಭಾವನೆ ಕಡಿಮೆಯಾಗಬಾರದು, ಟೈಟಲ್ ಕಾರ್ಡಿನಲ್ಲಿ ಹೆಸರು ಬೇರೆಯವರ ಜೊತೆಗಲ್ಲದೆ ಪ್ರತ್ಯೇಕವಾಗಿ ಬರಬೇಕು, ಕನ್ನಡ ಆವೃತ್ತಿಗೆ ಧ್ವನಿ ಅಣ್ಣನವರದೇ ಆಗಿರಬೇಕು. ಕರ್ನಾಟಕದ ಪೋಸ್ಟರುಗಳಲ್ಲಿ ಅವರ ಚಿತ್ರದ ಗಾತ್ರ ಎಷ್ಟಿರಬೇಕೆಂಬುದನ್ನೂ ಬರೆಸಿ, ಇಲ್ಲಿ ನಾನು ಕೇಳುವುದು ಮೇಲ್ಮಿತಿಯನ್ನು. ಎಂಟು ನಿಮಿಷ ಇರುವ ನಟನನ್ನು ಹುಬ್ಬಳ್ಳಿಯಲ್ಲೋ ಮಂಡ್ಯದಲ್ಲೋ ನಾಯಕನೆಂಬಂತೆ ತೋರಿಸಿ ಟಿಕೆಟ್ ಮಾರಿದರೆ ಮೋಸ ಹೋದೆನೆಂದು ಪ್ರೇಕ್ಷಕ ಸಿಟ್ಟಾಗುವುದು ಆ ನಟನ ಮೇಲೆ. ಅಭಿಮಾನಿ ಸಂಘದವರ ಬೇಸರದ ನಿಜವಾದ ಬೇರು ಇಲ್ಲಿರುವುದನ್ನು ನಾನು ಒಂದಕ್ಕಿಂತ ಹೆಚ್ಚು ಬಾರಿ ಕಂಡಿದ್ದೇನೆ.

ಇನ್ನೊಂದು, ಹೊಡೆದಾಟದ ದೃಶ್ಯಗಳಿಗಾಗಿ ಈಗ ನಟರ ಮುಖ ಮತ್ತು ಮೈಕಟ್ಟನ್ನು ಸ್ಕ್ಯಾನ್ ಮಾಡಿಟ್ಟುಕೊಳ್ಳುತ್ತಾರೆ. ಆ ದತ್ತಾಂಶವಿದ್ದರೆ ಮುಂದಿನ ಭಾಗದಲ್ಲಿ ನಟನಿಲ್ಲದೆಯೇ ಪಾತ್ರವನ್ನು ನಡೆಸಬಹುದು. 2023ರಲ್ಲಿ ಅಮೆರಿಕದ ನಟರು ತಿಂಗಳುಗಟ್ಟಲೆ ಮುಷ್ಕರ ಹೂಡಿದ ಕಾರಣಗಳಲ್ಲಿ ಇದೂ ಒಂದು. ಅದೇ ವರ್ಷ ದೆಹಲಿ ಹೈಕೋರ್ಟ್ ಅನಿಲ್ ಕಪೂರ್ ಅವರ ಮುಖ, ಧ್ವನಿಗಳ ಅನಧಿಕೃತ ಬಳಕೆಗೆ ತಡೆ ನೀಡಿತು. ಸ್ಕ್ಯಾನ್ ಈ ಒಂದು ಚಿತ್ರಕ್ಕೆ ಮಾತ್ರ, ಬೇರೆ ಬಳಕೆಗೆ ಲಿಖಿತ ಒಪ್ಪಿಗೆ ಮತ್ತು ಪ್ರತ್ಯೇಕ ಹಣ ಎಂಬ ಒಂದು ಸಾಲು ಸಾಕು.

ಇನ್ನು ನಿಮ್ಮ ಮುಂದಿರುವ ದಾರಿಗಳು. ಸಂಪೂರ್ಣ ನಿರಾಕರಿಸುವುದು ಅವುಗಳಲ್ಲಿ ಒಂದು, ಆದರೆ ಕೇವಲ ಅಭಿಮಾನಿಗಳ ಮಾತಿಗೆ ಹೆದರಿ ನಿರಾಕರಿಸುವುದಾದರೆ ನಾನು ಒಪ್ಪುವುದಿಲ್ಲ. ಒಂದೇ ಚಿತ್ರಕ್ಕೆ, ಮುಂದಿನದರ ಮಾತೇ ಇಲ್ಲದೆ ಸಹಿ ಹಾಕುವುದು ಎರಡನೆಯ ದಾರಿ: ಪಾತ್ರ ಗೆದ್ದರೆ ಮುಂದಿನ ಭಾಗಕ್ಕೆ ನೀವು ಬೆಲೆ ಹೇಳುವ ಸ್ಥಾನದಲ್ಲಿರುತ್ತೀರಿ, ಆದರೆ ನಿರ್ಮಾಪಕರಿಗೆ ಖಾತ್ರಿಯಿಲ್ಲದ್ದರಿಂದ ಬರಹಗಾರರು ಪಾತ್ರವನ್ನು ಗಟ್ಟಿಯಾಗಿ ಕಟ್ಟಲು ಹಿಂಜರಿಯುತ್ತಾರೆ, ಕೊಲ್ಲಲು ಹಿಂಜರಿಯುವುದಿಲ್ಲ. ಸಂಬಂಧಕ್ಕಾಗಿ ಹಣವಿಲ್ಲದೆ ಮಾಡುವವರೂ ಇದ್ದಾರೆ. 2022ರ 'ವಿಕ್ರಮ್'ನ ಕೊನೆಯಲ್ಲಿ ಬರುವ ರೋಲೆಕ್ಸ್ ಪಾತ್ರಕ್ಕೆ ಸೂರ್ಯ ಸಂಭಾವನೆ ಪಡೆಯಲಿಲ್ಲ, ಕಮಲ್ ಹಾಸನ್ ಅವರು ಕೈಗಡಿಯಾರ ಉಡುಗೊರೆ ಕೊಟ್ಟರು. ಅದು ಅವರಿಬ್ಬರ ನಡುವಿನ ಗೌರವದ ಮಾತು, ನಿಮಗೆ ಮಾದರಿಯಲ್ಲ. ಸಂಭಾವನೆಯ ಒಂದು ಭಾಗಕ್ಕೆ ಕರ್ನಾಟಕದ ವಿತರಣಾ ಹಕ್ಕನ್ನೇ ಪಡೆಯೋಣವೆಂದು ಯಾರಾದರೂ ನಿಮಗೆ ಸಲಹೆ ಕೊಟ್ಟಾರು. ಆಗ ಚಿತ್ರದ ಸೋಲೂ ನಿಮ್ಮದಾಗುತ್ತದೆ, ಜೊತೆಗೆ ಚಿತ್ರಕ್ಕೆ ಸಂಬಂಧವಿಲ್ಲದ ಗಲಾಟೆಗಳೂ. ಕಟ್ಟಪ್ಪನ ಪಾತ್ರ ಮಾಡಿದ್ದ ತಮಿಳು ನಟ ಸತ್ಯರಾಜ್ ಅವರು ಕಾವೇರಿ ವಿಚಾರದಲ್ಲಿ ವರ್ಷಗಳ ಹಿಂದೆ ಆಡಿದ್ದ ಮಾತಿಗಾಗಿ 2017ರಲ್ಲಿ ಇಲ್ಲಿ 'ಬಾಹುಬಲಿ'ಯ ಎರಡನೆಯ ಭಾಗದ ಬಿಡುಗಡೆಯೇ ತೂಗುಯ್ಯಾಲೆಯಲ್ಲಿತ್ತು, ಅವರು ವಿಷಾದ ಸೂಚಿಸಿದ ಮೇಲಷ್ಟೇ ದಾರಿ ಸುಗಮವಾಯಿತು. ಎರಡು ಚಿತ್ರಗಳ ಸೋಲಿನ ನಂತರ ಆ ಹೊರೆ ಬೇಡ.

ನಾನು ಹೇಳುವ ದಾರಿ ಎರಡು ಚಿತ್ರಗಳ ಮಿತಿಯದು. ಈ ಚಿತ್ರ, ಇದಲ್ಲದೆ ಇನ್ನೊಂದು. ಇನ್ನೊಂದರ ಸಂಭಾವನೆಯನ್ನು ಈಗಲೇ ಅಂಕಿಯಲ್ಲಿ ಬರೆಯಬೇಕು, ಅದು ಮೊದಲನೆಯದಕ್ಕಿಂತ ಹೆಚ್ಚಿರಬೇಕು. ಈ ಚಿತ್ರ ಬಿಡುಗಡೆಯಾದ 18 ತಿಂಗಳೊಳಗೆ ಅವರು ಲಿಖಿತವಾಗಿ ಕರೆಯಬೇಕು, ಕರೆಯದಿದ್ದರೆ ಹಕ್ಕು ತಾನಾಗಿಯೇ ರದ್ದಾಗಬೇಕು. ಕರೆದರೆ ಚಿತ್ರೀಕರಣಕ್ಕೆ ಕನಿಷ್ಠ 90 ದಿನ ಮುನ್ನ ದಿನಾಂಕ ತಿಳಿಸಿ ಅಡ್ವಾನ್ಸ್ ಕೊಡಬೇಕು. ಕರೆಯದೆ ಬೇರೆ ನಟನಿಂದ ಅದೇ ಪಾತ್ರ ಮಾಡಿಸಿದರೆ ನಿಗದಿತ ಪರಿಹಾರ ಕೊಡಬೇಕು. ಇದರಲ್ಲಿ ಅಣ್ಣನವರಿಗೆ ಅಪಾಯವಿಲ್ಲವೆಂದಲ್ಲ. ಮೊದಲ ಚಿತ್ರದಲ್ಲಿ ಪಾತ್ರ ಎಲ್ಲರ ಬಾಯಲ್ಲೂ ನಿಂತರೆ, ಈಗ ಬರೆದ ಅಂಕಿ ಆಗ ಕಡಿಮೆಯೆನಿಸುತ್ತದೆ, ಆದರೂ ಒಪ್ಪಿದ ಬೆಲೆಗೇ ಮಾಡಬೇಕಾಗುತ್ತದೆ. ಗಳಿಕೆ ಇಷ್ಟು ದಾಟಿದರೆ ಹೆಚ್ಚುವರಿ ಇಷ್ಟು ಎಂದು ಸೇರಿಸಿ ಆ ನೋವನ್ನು ಸ್ವಲ್ಪ ತಗ್ಗಿಸಬಹುದು, ಆದರೆ ಗಳಿಕೆಯ ಲೆಕ್ಕವನ್ನು ಯಾರ ಪುಸ್ತಕದಲ್ಲಿ ನೋಡುವುದೆಂದು ಬರೆಯದಿದ್ದರೆ ಆ ಸಾಲಿಗೆ ಬೆಲೆಯಿಲ್ಲ.

ಪಾತ್ರದ ಮೇಲೆ ಪ್ರತ್ಯೇಕ ಚಿತ್ರ ಮಾಡುವ ಸಂದರ್ಭ ಬಂದರೆ ಮೊದಲ ಮಾತುಕತೆ ಅಣ್ಣನವರ ಜೊತೆಗೇ ಆಗಬೇಕೆಂಬ ಷರತ್ತನ್ನೂ ಕೇಳಿ. ಡ್ವೇನ್ ಜಾನ್ಸನ್ 2011ರಲ್ಲಿ 'ಫಾಸ್ಟ್ ಅಂಡ್ ಫ್ಯೂರಿಯಸ್' ಸರಣಿಯ ಐದನೆಯ ಚಿತ್ರಕ್ಕೆ ಹಾಬ್ಸ್ ಎಂಬ ಅಧಿಕಾರಿಯಾಗಿ ಬಂದಾಗ ಅದು ವಿನ್ ಡೀಸೆಲ್ ಸರಣಿ. 2019ರಲ್ಲಿ ಆ ಪಾತ್ರಕ್ಕೇ ಬೇರೆ ಚಿತ್ರವಾಯಿತು, ಜಾನ್ಸನ್ ನಾಯಕರಲ್ಲೊಬ್ಬರಷ್ಟೇ ಅಲ್ಲ, ನಿರ್ಮಾಪಕರಲ್ಲೊಬ್ಬರೂ ಆದರು. ಇಬ್ಬರ ಮನಸ್ತಾಪ ಬೀದಿಗೆ ಬಂತು. 2021ರಲ್ಲಿ ಮರಳಿ ಬರುವಂತೆ ಡೀಸೆಲ್ ಬಹಿರಂಗವಾಗಿ ಕರೆದಾಗ ಜಾನ್ಸನ್ ಅದನ್ನು ಅಷ್ಟೇ ಬಹಿರಂಗವಾಗಿ ನಿರಾಕರಿಸಿದರು, 2023ರ ಚಿತ್ರದ ಕೊನೆಯಲ್ಲಿ ಮತ್ತೆ ಕಾಣಿಸಿಕೊಂಡರು. ಜಗಳವಾಡಿಯೂ ಹಿಂದಿರುಗುವಷ್ಟು ಬಲ ಅವರಿಗಿದ್ದದ್ದು ಸರಣಿಯ ಹೊರಗೆ ಅವರದೇ ಚಿತ್ರಗಳು ನಡೆಯುತ್ತಿದ್ದುದರಿಂದ. ನಿಮ್ಮ ಅಣ್ಣನವರ ಪಾಲಿಗೆ ಅಂಥ ಹೊರಗಿನ ಚಿತ್ರವೆಂದರೆ ಉಪನ್ಯಾಸಕನದು.

ಆದ್ದರಿಂದ ಕೆಲಸದ ಅನುಕ್ರಮ ಹೀಗಿರಲಿ. ಈ ಕರಡಿಗೆ ಉತ್ತರ ಕಳುಹಿಸುವ ಮೊದಲು ಅಡ್ವಾನ್ಸ್ ಕೊಟ್ಟಿರುವ ಕನ್ನಡ ನಿರ್ಮಾಪಕರನ್ನು ಅಣ್ಣನವರೇ ಖುದ್ದಾಗಿ ಭೇಟಿಯಾಗಿ ವಿಷಯ ತಿಳಿಸಲಿ. ಅವರು ಪತ್ರಿಕೆಯಲ್ಲಿ ಓದಿ ತಿಳಿಯುವಂತಾಗಬಾರದು. ಅವರ ಜೊತೆಗಿನ ಕರಾರಿನಲ್ಲಿ ದಿನಾಂಕಗಳು ಇವೆಯೇ, ಅಡ್ವಾನ್ಸ್ ರಸೀದಿ ಮಾತ್ರ ಇದೆಯೇ ಎಂದು ನೋಡಿ. ಬರೀ ರಸೀದಿಯಿದ್ದರೆ ಈಗಲೇ ದಿನಾಂಕಗಳನ್ನು ಬರೆದು ಇಬ್ಬರೂ ಸಹಿ ಹಾಕಿಕೊಳ್ಳಿ. ಆ ಪತ್ರದ ಪ್ರತಿಯೊಂದನ್ನು ಸರಣಿಯ ನಿರ್ಮಾಪಕರಿಗೆ ಕೊಟ್ಟು, ಈ ದಿನಗಳೂ ಈ ಗೆಟಪ್ಪೂ ಮೊದಲೇ ಬೇರೆಯವರಿಗೆ ಕೊಟ್ಟಾಗಿದೆ ಎಂಬುದನ್ನು ಹೊಸ ಕರಾರಿನ ಒಳಗೇ ನಮೂದಿಸಿ. ಅವರು ಅದಕ್ಕೆ ಒಪ್ಪದಿದ್ದರೆ ಕರಡನ್ನು ವಾಪಸ್ ಕಳುಹಿಸಿ, ಒಪ್ಪಿದರೆ ನನಗೊಮ್ಮೆ ತೋರಿಸಿ ಸಹಿ ಹಾಕಿಸಿ.